ಹುಣಸೆಮರದವರೆಗೆ ಬಂದವರು

ಜೂನ್ 14

ವಿಹಾರದ ಗುರುಗಳ ಭಿಕ್ಷಾಪಾತ್ರೆಗೆ ಹಿಡಿ ಅನ್ನ ಹಾಕಿ, ಕೋಳಿ ಬಿಟ್ಟು ಬರುವಷ್ಟರಲ್ಲಿ ದಾರಿಕಾ ನಮ್ಮ ಕಂಬದ ಮನೆಯ ಏಣಿಯ ಬುಡದಲ್ಲಿ ಕುಳಿತಾಗಿತ್ತು. ಇವತ್ತೂ ಕ್ಯಾಮೆರಾ ಪೆಟ್ಟಿಗೆಯೊಳಗೇ. ಸಿನಿಮಾ ತೆಗೆಯುತ್ತೇನೆ ಎಂದು ಖೋನ್‌ಕೇನ್ ಪಟ್ಟಣದಿಂದ ಬಂದವಳು. ಬೇಸಿಗೆ ಹೋಯಿತು, ಸಸಿಮಡಿಗೆ ನೀರು ಬಂತು, ಇನ್ನೂ ನೋಡುತ್ತಲೇ ಇದ್ದಾಳೆ. ಹುಣಸೆಹಣ್ಣು ಬಿಡಿಸಿದರೆ ನೋಡುತ್ತಾಳೆ. ಅಂಟಕ್ಕಿ ಬೇಯಿಸಿದರೆ ಹಬೆಯನ್ನು ನೋಡುತ್ತಾಳೆ.

ಅತ್ತೆಗೆ ಕಣ್ಣು ಮಂಜು. ಕಿವಿ ಮಾತ್ರ ಚುರುಕು.

"ಆ ಹುಡುಗಿ ಇನ್ನೂ ಇದ್ದಾಳೇನೇ? ಮನೇಲಿ ಕೆಲಸ ಇಲ್ವಾ ಅವಳಿಗೆ?"

"ಇದೇ ಅವಳ ಕೆಲಸ ಅತ್ತೆ. ನೋಡೋದು."

"ನೋಡೋದೂ ಒಂದು ಕೆಲಸವಾ? ಕಣ್ಣಿದ್ದಾಗ ನನಗೆ ಯಾರೂ ಹೇಳ್ಲಿಲ್ಲ ನೋಡು."

ದಾರಿಕಾ ಬಿದ್ದು ಬಿದ್ದು ನಕ್ಕಳು. ಹೋಗುವಾಗ ಕೇಳಿದಳು — ಸಿನಿಮಾದಲ್ಲಿ ನೀವೇ ಇರಬೇಕು ಅಮ್ಮ ಅಂತ. ನನಗೆ ನಟನೆ ಬರುವುದಿಲ್ಲ ಎಂದೆ. ಅದಕ್ಕೇ ಕೇಳ್ತಿರೋದು ಎಂದಳು.

ಜೂನ್ 23

ಕ್ಯಾಮೆರಾ ಹೊರಗೆ ಬಂತು. ಅವಳ ಜೊತೆ ಕೆಲಸ ಮಾಡುವ ಎಕ್ ಅಂತ ಒಬ್ಬ ಅದನ್ನು ಮೂರು ಕಾಲಿನ ಮೇಲೆ ನಿಲ್ಲಿಸಿದ. ಆಮೇಲೆ ಎಲ್ಲರೂ ದೂರ ಹೋಗಿ ಕುಳಿತರು. ಜಗಲಿಯಲ್ಲಿ ನಾನು, ಎದುರಿಗೆ ಆ ಒಂಟಿ ಕಣ್ಣು.

"ಏನು ಮಾಡ್ಲಿ?"

"ಏನೂ ಬೇಡ ಅಮ್ಮ. ಸುಮ್ನೆ ಕೂತಿರಿ."

"ಸುಮ್ನೆ ಅಂದ್ರೆ? ಕೈಯಲ್ಲಿ ಏನಾದ್ರೂ ಕೊಡು ಮಾರಾಯ್ತಿ. ಬೆಳ್ಳುಳ್ಳಿನಾದ್ರೂ ಸುಲೀತೀನಿ."

ಸ್ವಲ್ಪ ಯೋಚಿಸಿದಳು. "ಯಾರಾದ್ರೂ ಬರ್ತಾರೆ ಅಂತ ಕಾಯ್ತೀವಲ್ಲ, ಹಾಗೆ."

ಕುಳಿತೆ. ನೆರಳು ಏಣಿಯಿಂದ ನೀರಿನ ಹಂಡೆಗೆ ಹೋಯಿತು. ಕೋಳಿ ಬಂತು, ಹೋಯಿತು. ಯಾರೂ ಸಾಕು ಅನ್ನಲಿಲ್ಲ. ಬೇಲಿಯಾಚೆ ಪಕ್ಕದ ಮನೆಯ ಬುವಾ ನಿಂತು ನೋಡಿ ನೋಡಿ ಕೂಗಿದಳು — "ಇದೇನು ಸಿನಿಮಾನೇ ನುವನಕ್ಕ? ಹೊಡೆದಾಟ ಯಾವಾಗ?"

ಕೊನೆಗೆ ದಾರಿಕಾ ಬಂದು ನನ್ನ ಕೈ ಹಿಡಿದುಕೊಂಡಳು. ಅವಳ ಕಣ್ಣಲ್ಲಿ ನೀರು. ಇದನ್ನು ಯಾರು ಕಲಿಸಿದರು ಎಂದು ಕೇಳಿದಳು.

ಹದಿನಾರು ವರ್ಷದಿಂದ ಮಾಡುತ್ತಿರುವ ಕೆಲಸ. ಇದಕ್ಕೆ ಕಲಿಸುವವರು ಬೇಕೇ.

ಜೂನ್ 24

ಅವಳಿಗೆ ಹೇಳಿದೆ. ಊರವರು ಹೇಗೂ ಹೇಳುತ್ತಾರೆ, ನಾನೇ ಹೇಳುವುದು ಮೇಲು.

ನನ್ನ ಗಂಡ ಖಾಮ್‌ಸೇನ್ ದಕ್ಷಿಣದ ಸಮುದ್ರಕ್ಕೆ ಮೀನು ದೋಣಿಯ ಕೆಲಸಕ್ಕೆ ಹೋದರು. ನದಿಯ ಕಡವಿನಲ್ಲಿ ದೋಣಿ ಹತ್ತಿದ ಮೇಲೆ ತಿರುಗಿ ಕೂಗಿದರು — "ನೀಲಿ ಅಂಗಿ ತಂತಿ ಮೇಲೆ ಬಿಟ್ಟೆ ಕಣೇ! ಇರ್ಲಿ, ಒಣಗಿದ ಮೇಲೆ ತೆಗೆದಿಡು, ಬಂದು ಹಾಕ್ಕೋತೀನಿ." ಮೊದಲ ವರ್ಷ ಸುದ್ದಿ ಬರುತ್ತಿತ್ತು. ಆಮೇಲೆ ದೋಣಿಯೂ ಇಲ್ಲ, ಜನವೂ ಇಲ್ಲ. ಮುಳುಗಿತು ಎಂದವರಿದ್ದಾರೆ. ಬೇರೆ ದೇಶದಲ್ಲಿ ಹಿಡಿದಿಟ್ಟಿದ್ದಾರೆ ಎಂದವರಿದ್ದಾರೆ.

ದಾರಿಕಾ ಅಯ್ಯೋ ಅನ್ನಲಿಲ್ಲ. ನನ್ನ ಜೊತೆ ಅವರೆ ಬಿಡಿಸಿದಳು. ಅರ್ಧ ಸಿಪ್ಪೆ ಕಾಳಿನ ಜೊತೆ ಹಾಕಿದ್ದಳು, ಅವಳು ಹೋದ ಮೇಲೆ ಆರಿಸಿದೆ.

ಜುಲೈ 3

ಧ್ವನಿ ಹಿಡಿಯುವ ಪೊಂಗ್ ಒಂದು ವಿಚಿತ್ರ ಹೇಳಿದ. ಕೆಲಸ ಮುಗಿದ ಮೇಲೆ ಎಲ್ಲರೂ ಇದ್ದಲ್ಲೇ ನಿಂತು ಉಸಿರು ಬಿಗಿಹಿಡಿಯಬೇಕಂತೆ. ಮನೆಯ ಮೌನವನ್ನು ಬೇರೆಯಾಗಿ ತುಂಬಿಕೊಳ್ಳುತ್ತಾನಂತೆ. ಒಂದೊಂದು ಮನೆಯ ಮೌನ ಒಂದೊಂದು ಥರ, ಒಂದು ಮನೇದು ಇನ್ನೊಂದಕ್ಕೆ ಹೊಂದಲ್ಲ ಅಮ್ಮ ಎಂದ.

ನಿಂತೆವು. ಅತ್ತೆ ಮಧ್ಯದಲ್ಲಿ, "ಎಲ್ಲಾ ಸತ್ರಾ?" ಎಂದರು. ಮತ್ತೆ ಮೊದಲಿಂದ.

ಆಮೇಲೆ ಕಿವಿಗೆ ಹಾಕಿ ಕೇಳಿಸಿದ. ಹಂಡೆಗೆ ಹನಿ ಬೀಳುವುದು. ಹಲ್ಲಿ. ಗೋಡೆಯ ಹಲಗೆ ಬಿಸಿಲಿಗೆ ಬಿಗಿಯುವುದು. ಅತ್ತೆಯ ಉಸಿರು. ನನ್ನ ಉಸಿರು. ಮುಗಿಯಿತು. ಮತ್ತೇನೂ ಇಲ್ಲ.

ಇಷ್ಟು ವರ್ಷ ಕಿವಿಗೊಟ್ಟು ಮಲಗಿದ್ದು ಇದಕ್ಕೇ? ಯಂತ್ರ ತೆಗೆದುಕೊಟ್ಟೆ. ಚೆನ್ನಾಗಿದೆ ಎಂದೆ. ಒಲೆಯ ಹತ್ತಿರ ಹೋಗಿ ಬೆಂಕಿಯೇ ಇಲ್ಲದ ಒಲೆ ಊದಿದೆ.

ಜುಲೈ 18, ಅಷ್ಟಮಿ

ಬಿಳಿ ಬಟ್ಟೆ ಉಟ್ಟು ವಿಹಾರಕ್ಕೆ ಹೋದೆ. ಎಂಟು ಶೀಲಗಳ ವ್ರತ ತೆಗೆದುಕೊಂಡೆ. ಸತ್ತವರಿಗೆ ಪುಣ್ಯ ಮುಟ್ಟಲೆಂದು ನೀರು ಹೊಯ್ಯುವಾಗ ಅಪ್ಪ, ಅಮ್ಮ, ಮಾವ, ತಮ್ಮ — ಎಲ್ಲರ ಹೆಸರು ಹೇಳಿದೆ. ಗಂಡನ ಹೆಸರಿಗೆ ನಾಲಗೆ ತಡೆಯಿತು. ಯಾವಾಗಲೂ ತಡೆಯುತ್ತದೆ. ನೀರು ಹೊಯ್ದರೆ ಸತ್ತರು ಎಂದು ನಾನೇ ಹೇಳಿದ ಹಾಗೆ. ಹೊಯ್ಯದಿದ್ದರೆ...

ಗುರುಗಳು ನೋಡಿದರು. ಜನ ಎದ್ದ ಮೇಲೆ ಕರೆದರು.

"ಬರೋ ತಿಂಗಳು ಸತ್ತವರಿಗೆ ಅನ್ನ ಇಡೋ ಅಮಾವಾಸ್ಯೆ. ಈ ಸಲವೂ ಅವನಿಗೆ ಪೊಟ್ಟಣ ಇಡಲ್ವಾ?"

"ಬದುಕಿದ್ದರೆ, ಗುರುಗಳೇ?"

"ಅವನಿಗೆ ಹಸಿವಾಗಿದ್ರೆ?"

ಮನೆಗೆ ಬಂದು ಅತ್ತೆಗೆ ಹೇಳಿದೆ. ಹೇಳಬಾರದಿತ್ತು.

"ಬದುಕಿರೋ ಮಗನಿಗೆ ನೆಲದ ಮೇಲೆ ಅನ್ನ ಇಡ್ತೀಯಾ? ಸತ್ತವರ ಜೊತೆ ಪಂಕ್ತೀಲಿ ಕೂರಿಸ್ತೀಯಾ? ಅವನು ಅಲ್ಲೆಲ್ಲೋ ತಿಂದುಂಡು ಡೊಳ್ಳು ಬೆಳೆಸ್ಕೊಂಡು ಕೂತಿರ್ತಾನೆ. ನಮ್ಮ ಮನೆ ಗಂಡಸರು ಎಲ್ಲಾ ನಲವತ್ತಕ್ಕೆ ಮಡಕೆ. ನಿನ್ನ ಮಾವನಿಗೆ ಕೊನೆಗೆ ತನ್ನ ಕಾಲೇ ಕಾಣ್ತಿರ್ಲಿಲ್ಲ. ಖಾಮ್‌ಸೇನ್ ಬಂದ ದಿನ ಏಣಿ ಮುರೀದಿದ್ರೆ ಕೇಳು."

ಪ್ರತಿ ವರ್ಷ ಇದೇ ಮಾತು. ಪ್ರತಿ ವರ್ಷ ಇಬ್ಬರೂ ನಗುತ್ತೇವೆ. ಈ ಸಲ ನಾನು ನಗಲಿಲ್ಲ, ಅವರೂ ನನ್ನ ನಗುವಿಗೆ ಕಾಯಲಿಲ್ಲ.

ಜುಲೈ 26

ದಾರಿಕಾಗೆ ಜೀವಕಳೆ ಗೋರುವುದನ್ನು ತೆಗೆಯಬೇಕಂತೆ. ಸಿನಿಮಾದಲ್ಲಿ ನನ್ನ ಮಗಳು ನದಿಗೆ ಬಿದ್ದು ಬದುಕಿದ್ದಾಳೆ. ಆದರೆ ಊಟ ಇಲ್ಲ, ಮಾತಿಲ್ಲ. ಬೆದರಿದವರ ಜೀವಕಳೆ ಬಿದ್ದ ಜಾಗದಲ್ಲೇ ಕೂತುಬಿಟ್ಟಿರುತ್ತದಲ್ಲ. ಅಲ್ಲಿಗೆ ಹೋಗಿ, ಮೀನಿನ ಗೋರುಬಲೆಯಲ್ಲಿ ಅವರ ಅಂಗಿ ಇಟ್ಟು, ಹೆಸರು ಹಿಡಿದು ಕರೆದು, ನೀರಿನಂಚಿನಿಂದ ಗೋರಿ ಮನೆಗೆ ತಂದು, ಅದು ಮೈಯಲ್ಲಿ ನಿಲ್ಲಲೆಂದು ಅವರ ಮುಂಗೈಗೆ ಬಿಳಿ ದಾರ ಕಟ್ಟಬೇಕು. ನಾನು ಎಷ್ಟೋ ಮಕ್ಕಳದ್ದು ತಂದಿದ್ದೇನೆ. ಬುವಾಳ ಮೊಮ್ಮಗನದ್ದು ಹೋದ ವರ್ಷ ತಾನೇ.

ಎಕ್ ಹೊಚ್ಚ ಹೊಸ ಗುಲಾಬಿ ಅಂಗಿ ತಂದಿದ್ದ. ಇನ್ನೂ ಅಂಗಡಿಯ ವಾಸನೆ.

"ಇದು ಆಗಲ್ಲಪ್ಪ."

"ಯಾಕಮ್ಮ? ಬಣ್ಣ ಚೆನ್ನಾಗಿ ಬರುತ್ತೆ."

"ಯಾರ ಮೈಗೂ ತಾಗದ ಅಂಗಿಗೆ ಯಾರು ಬರ್ತಾರೆ?"

"ಯಾರೂ ಬರೋದು ಬೇಡ ಅಮ್ಮ, ಸಿನಿಮಾ ಇದು!" ಎಂದು ನಕ್ಕ. ದಾರಿಕಾ ನಗಲಿಲ್ಲ. ನಿಮಗೆ ಹೇಗೆ ಸರಿ ಕಾಣುತ್ತೋ ಹಾಗೆ ಮಾಡಿ ಎಂದಳು.

ಪೂಜೆಯಲ್ಲಿ ಸುಳ್ಳು ಸೇರಿಸಲು ನನಗೆ ಆಗುವುದಿಲ್ಲ. ಸಿನಿಮಾ ಆದರೂ ನದಿ ನಿಜದ್ದೇ. ಪೆಟ್ಟಿಗೆ ತೆಗೆದೆ. ನೀಲಿ ಅಂಗಿ. ನಾನೇ ನೇಯ್ದ ಬಟ್ಟೆ, ಅವರ ಭುಜಕ್ಕೆ ಅಳತೆ ಹಿಡಿದು ಹೊಲಿದದ್ದು.

ಅವರು ಎಲ್ಲಿ ಬಿದ್ದರೋ ನನಗೆ ಗೊತ್ತಿಲ್ಲ. ಆ ಸಮುದ್ರ ನಾನು ಕಂಡಿಲ್ಲ. ಆದರೆ ಕಡವು ಗೊತ್ತು. ಅಲ್ಲಿ ತಿರುಗಿ ನೋಡಿದರು. ಮನೆ ಬಿಟ್ಟು ಹೋಗುವವರದ್ದು ಸ್ವಲ್ಪ ಅಲ್ಲೇ ಉಳಿಯುತ್ತದೆ ಅನಿಸಿತು.

ಜುಲೈ 29

ನಡೆದದ್ದನ್ನು ನಡೆದ ಹಾಗೆ ಬರೆಯುತ್ತೇನೆ.

ಮಧ್ಯಾಹ್ನ ಕಡವಿಗೆ ಹೋದೆವು. ಬಲೆಯಲ್ಲಿ ಅಂಗಿ ಇಟ್ಟೆ. ಬೇಯಿಸಿದ ಮೊಟ್ಟೆ, ಅನ್ನದ ಉಂಡೆ, ಬಿಳಿ ದಾರ. ದೂರದಲ್ಲಿ ಕ್ಯಾಮೆರಾ, ಅದರ ಹಿಂದೆ ದಾರಿಕಾ ಮಂಡಿಯೂರಿ ಕುಳಿತಿದ್ದಳು. ನೀರು ಕೆಂಪಗೆ ಹರಿಯುತ್ತಿತ್ತು. ಸಿನಿಮಾದ ಮಗಳ ಹೆಸರು ಕರೆಯಬೇಕಿತ್ತು. ಬಾಯಿ ತೆರೆದೆ —

"ಖಾಮ್‌ಸೇನ್, ಬಾ. ಕಾಡಲ್ಲಿರಬೇಡ, ನೀರಲ್ಲಿರಬೇಡ. ಅನ್ನ ಬಿಸಿ ಇದೆ, ಚಾಪೆ ಹಾಸಿದೆ. ಮನೆಗೆ ಬಾ."

ಯಾರೂ ತಡೆಯಲಿಲ್ಲ. ಗೋರಿದೆ. ಎತ್ತಿದೆ. ನಡೆದೆ. ಗೋರಿದ ಮೇಲೆ ಮನೆ ಮುಟ್ಟುವವರೆಗೆ ಹಿಂದೆ ನೋಡಬಾರದು, ಬಲೆ ಕೆಳಗಿಡಬಾರದು. ಯಾರಾದರೂ ಸಿಕ್ಕಿತೇ ಎಂದರೆ ಸಿಕ್ಕಿತು ಅನ್ನಬೇಕು. ಇದು ಇಲ್ಲಿ ಮಕ್ಕಳಿಗೂ ಗೊತ್ತು.

ಹುಣಸೆಮರದ ತಿರುವಿಗೆ ಬಂದೆ. ಎದುರಿಗೆ ಟ್ರಾಕ್ಟರು ಗಾಡಿ, ಡುಗುಡುಗು ಎನ್ನುತ್ತ. ಮೇಲಿನ ಕೇರಿಯ ಲಾವೊಂಗ್. ಕ್ಯಾಮೆರಾ ಕಾಣಲಿಲ್ಲ ಅವನಿಗೆ.

"ಏನತ್ತಿಗೆ, ಮೀನು ಸಿಕ್ತಾ?"

"ಇಲ್ಲಪ್ಪ" ಎಂದುಬಿಟ್ಟೆ.

ದಿನಾ ಹೇಳುವ ಉತ್ತರ. ಬಾಯಿ ತಾನಾಗಿ ಹೇಳಿತು.

ಎಕ್ ಹಿಂದಿನಿಂದ ಕೂಗಿದ — ಗಾಡಿ ಹಾಳು ಮಾಡ್ತು, ಇಲ್ಲಿಂದಲೇ ಮತ್ತೆ ತೆಗೆಯೋಣ, ಜಾಗ ತಪ್ಪಬಾರದು, ಬಲೆ ಅಲ್ಲೇ ಇಡಿ ಅಮ್ಮ ಗುರುತಿಗೆ! ಇಟ್ಟೆ. ದೊಡ್ಡವರು ಹೇಳಿದರೆ ಶಾಲೆಯಲ್ಲಿ ಮಾಡುತ್ತಿದ್ದ ಹಾಗೆ ಇಟ್ಟೆ. ಅಷ್ಟರಲ್ಲಿ ಮಳೆ ಸುರಿಯಿತು. ಯಾರೋ ಕೊಡೆ ಹಿಡಿದು ಎಳೆದುಕೊಂಡು ಹೋದರು. ಹಿಂದೆ ತಿರುಗಿ ನೋಡಿದೆ.

ಮೂರೂ ತಪ್ಪು ಒಂದೇ ಜಾಗದಲ್ಲಿ.

ಜುಲೈ 30

ಬೆಳಿಗ್ಗೆ ಎಲ್ಲರೂ ಕಡವಿಗೆ ಹೊರಟರು. ಮತ್ತೆ ಮೊದಲಿಂದ ತೆಗೆಯಲು. ನಾನು ಏಣಿ ಇಳಿಯಲಿಲ್ಲ.

"ಅವರು ಹುಣಸೆಮರದವರೆಗೆ ಬಂದಾಗಿದೆ. ಮತ್ತೆ ನದಿಯಿಂದ ಹೇಗೆ ಕರೀಲಿ?"

ಎಕ್ ಆಕಾಶ ನೋಡಿದ. "ದಾರಿಕಾ ಅಕ್ಕಾ, ನಾವು ದೀಪ ಹಾಕಿ ಒಳಗೇ ತೆಗೆಯೋ ಸಿನಿಮಾ ಮಾಡ್ಬೇಕಿತ್ತು. ಸ್ಟುಡಿಯೋದಲ್ಲಿ ದೆವ್ವಕ್ಕೂ ಟೈಮ್ ಟೇಬಲ್ ಇರುತ್ತೆ."

ದಾರಿಕಾ ಕೆಳಗೆ ಕುಳಿತಳು. "ಹಾಗಾದ್ರೆ ಏನು ಮಾಡೋಣ ಅಮ್ಮ?"

"ಗೊತ್ತಿಲ್ಲಮ್ಮ."

"ಸರಿ. ಗೊತ್ತಾಗೋವರೆಗೂ ಇರೋಣ."

ಅಂಗಿ ಯಾರೋ ತಂದು ಜಗಲಿಗೆ ಹಾಕಿದ್ದರು. ಬರೀ ಬಟ್ಟೆ. ಮೊದಲಿನ ಹಾಗೆ ಮುಖಕ್ಕೆ ಹಿಡಿಯಲಿಲ್ಲ.

ಆಗಸ್ಟ್ 9, ಹುಣ್ಣಿಮೆ

ಬರೆಯಲು ಕೈ ಬರಲಿಲ್ಲ. ನಾಟಿ ಮುಗಿಯಿತು.

ನಮ್ಮ ನಾಯಿ ಸಂಜೆಯಾದರೆ ಹುಣಸೆಮರದ ಕೆಳಗೆ ಹೋಗಿ ಕೂರುತ್ತದೆ. ಬಾಲ ಆಡಿಸುತ್ತದೆ. ಕರೆದರೆ ತಿರುಗಿ ನೋಡಿ ಅಲ್ಲೇ ಇರುತ್ತದೆ. ಅವರು ಹೋದಾಗ ಈ ನಾಯಿ ಹುಟ್ಟಿರಲಿಲ್ಲ.

ನಾನು ಆ ದಾರಿ ಬಿಟ್ಟು ವಿಹಾರಕ್ಕೆ ಗದ್ದೆಯ ಬದುವಿನ ಮೇಲೆ ಸುತ್ತಿ ಹೋಗುತ್ತಿದ್ದೇನೆ. ಕೆಸರು ಎಂದರೆ ಕೆಸರು. ಬುವಾ ಕೇಳಿದಳು, ದಾರಿ ಮೇಲೆ ಹುಲಿ ಇದೆಯಾ ಅಂತ. ಹುಲಿಯಾದರೆ ಬೇರೆ ಮಾತು.

ಅತ್ತೆಗೆ ಹೇಳಿರಲಿಲ್ಲ. ಇವತ್ತು ಎಲೆ ಅಡಿಕೆ ಕುಟ್ಟುತ್ತ ತಾವೇ ಕೇಳಿದರು.

"ದಾರೀಲಿ ಯಾರನ್ನ ನಿಲ್ಲಿಸಿದ್ದೀಯೇ?"

ಎಲ್ಲ ಹೇಳಿದೆ. ಬೈಯುತ್ತಾರೆ ಅಂದುಕೊಂಡೆ. ಕುಟ್ಟಣಿ ಕೆಳಗಿಟ್ಟರು.

"ಬದುಕಿರೋನನ್ನ ಕರೆದ್ರೆ ಬರ್ತಾನೆ. ಸತ್ತೋನನ್ನ ಕರೆದ್ರೂ ಬರ್ತಾನೆ. ಯಾರು ಬಂದದ್ದು ಅಂತ ಹೇಗೆ ತಿಳ್ಕೋತೀಯ?"

"ಗೊತ್ತಿಲ್ಲ ಅತ್ತೆ."

"ಯಾರೇ ಆಗ್ಲಿ, ಮಳೇಲಿ ನೆನೀತಿದ್ದಾನೆ."

ಆಗಸ್ಟ್ 17

ದಾರಿಕಾ ಒಂದು ಚಿಕ್ಕ ಟಿ.ವಿ. ತಂದು ಆ ದಿನದ್ದು ತೋರಿಸಿದಳು. ಬೇಡ ಅಂದರೆ ಈಗಲೇ ಮುಚ್ಚುತ್ತೇನೆ ಎಂದಳು. ಬೇಡ ಅನ್ನಲಿಲ್ಲ.

ನಾನು ನಡೆಯುವುದನ್ನು ನಾನೇ ಯಾವತ್ತೂ ನೋಡಿರಲಿಲ್ಲ. ಬಲೆಯಲ್ಲಿ ಇರುವುದು ಒಂದು ಅಂಗಿ. ಆದರೆ ನಡಿಗೆ ನೀರು ತುಂಬಿದ ಕೊಡ ಹೊತ್ತವಳದ್ದು. ಗಾಡಿ ಬಂತು. ನನ್ನ ತುಟಿ ಅಲುಗಿತು. ಇಟ್ಟೆ. ಓಡಿದೆ.

ಮುಗಿಯಿತು ಅಂದುಕೊಂಡೆ. ಮುಗಿಯಲಿಲ್ಲ. ಎಲ್ಲರೂ ಓಡಿಹೋಗಿದ್ದಾರೆ, ಚಿತ್ರ ಮಾತ್ರ ಹಾಗೇ ಇದೆ. ರಸ್ತೆ. ಹುಣಸೆಮರ. ನೆಲದ ಮೇಲೆ ಬಲೆ. ಮಳೆ ಬೀಳುತ್ತಿದೆ, ನೀಲಿ ಅಂಗಿ ನಿಧಾನವಾಗಿ ಕಪ್ಪಾಗುತ್ತಿದೆ. ತೋಳು ಒಂದು ಹೊರಗೆ ಬಿದ್ದಿದೆ. ಯಾರೂ ಬರುವುದಿಲ್ಲ. ಎಷ್ಟು ಹೊತ್ತೋ. ಸುತ್ತ ನೀರು ನಿಲ್ಲುತ್ತದೆ. ಆ ತೋಳು ಸ್ವಲ್ಪ ತೇಲುತ್ತದೆ, ನಿಲ್ಲುತ್ತದೆ.

ಅವರೂ ಹೀಗೇ ಇದ್ದಿರಬೇಕು. ಎಲ್ಲೋ. ಯಾರೂ ನೋಡದೆ.

"ಯಾಕೆ ನಿಲ್ಲಿಸ್ಲಿಲ್ಲ?" ಕೇಳಿದೆ.

"ಎಕ್ ನಿಲ್ಲಿಸು ಅಂದ. ನಾನು ಕ್ಯಾಮೆರಾಗೆ ಪ್ಲಾಸ್ಟಿಕ್ ಹಿಡ್ಕೊಂಡು ನಿಂತಿದ್ದೆ. ಅವರೊಬ್ಬರನ್ನೇ ಬಿಟ್ಟು ಹೋಗೋಕೆ ಮನಸ್ಸಾಗ್ಲಿಲ್ಲ ಅಮ್ಮ."

ಈ ಹುಡುಗಿಯ ಬಗ್ಗೆ ನನಗೆ ಇಷ್ಟು ದಿನ ಅರ್ಥವಾಗದ್ದು ಅರ್ಥವಾಯಿತು. ಅವಳು ತೆಗೆಯುವುದಿಲ್ಲ. ಜೊತೆಗಿರುತ್ತಾಳೆ.

ನಾಡಿದ್ದು ಮುಗಿಸುತ್ತೇನೆ ಎಂದೆ. ಅಮಾವಾಸ್ಯೆಯ ಅನ್ನಕ್ಕೆ ಮೊದಲು ಮುಗಿಯಬೇಕು. ದಾರಿಯಲ್ಲಿ ನಿಂತವರಿಗೆ ಬದುಕಿದ್ದಾರೆಂದು ದಾರವನ್ನೂ ಕಟ್ಟಲಾಗದು, ಸತ್ತರೆಂದು ಅನ್ನವನ್ನೂ ಇಡಲಾಗದು.

ಆಗಸ್ಟ್ 19, ಸಂಜೆ

ಮಳೆ ಇರಲಿಲ್ಲ. ಹುಣಸೆಮರದ ಬುಡದಿಂದಲೇ ಹೊರಡಬೇಕು ಎಂದಿದ್ದೆ. ದಾರಿಕಾ ಆಚೆ ಬದುವಿನ ಮೇಲೆ ಕ್ಯಾಮೆರಾ ಇಟ್ಟಳು.

"ಶುರು ಅಂತ ಹೇಳಲ್ಲ ಅಮ್ಮ. ಸಾಕು ಅಂತಲೂ ಹೇಳಲ್ಲ. ನೀವು ಕಾಣೋವರೆಗೂ ನೋಡ್ತೀನಿ, ಅಷ್ಟೆ."

"ಮನೆ ಒಳಗೆ ಬರ್ಬೇಡ."

"ಬರಲ್ಲ."

ಎಕ್ ರಸ್ತೆಯ ಆ ತುದಿಯಲ್ಲಿ ನಿಂತು ಗಾಡಿಗಳನ್ನು ತಡೆದ. ಪಾಪ, ಅವನೇ ಕೇಳಿ ಹೋದದ್ದು. ನಾಯಿ ಎದ್ದು ಪಕ್ಕಕ್ಕೆ ಸರಿಯಿತು.

ಅಂಗಿಯನ್ನು ಬಲೆಯಲ್ಲಿ ಇಟ್ಟು ನೆಲಕ್ಕೆ ತಾಗಿಸಿದೆ. ತಪ್ಪಾಯಿತು ಎಂದೆ. ನಿಲ್ಲಿಸಿ ಹೋದದ್ದು ತಪ್ಪಾಯಿತು, ಸಿಕ್ಕಲಿಲ್ಲ ಎಂದದ್ದು ತಪ್ಪಾಯಿತು. ಏಳಿ. ಗೋರಿ ಎತ್ತಿದೆ.

ನಡೆದೆ. ಹಿಂದೆ ಕಾಲ ಸದ್ದು. ನಾಯಿಯದೇ ಎಂದುಕೊಂಡೆ. ಬೇಲಿಯ ಹತ್ತಿರ ನಾಯಿ ಎದುರಿನಿಂದ ಬಂತು. ತಿರುಗಿ ನೋಡಲಿಲ್ಲ.

ಬುವಾ ಬಾಗಿಲಲ್ಲಿ ನಿಂತಿದ್ದಳು. ಯಾವತ್ತೂ ಬಾಯಿ ಮುಚ್ಚದವಳು, ಮೆಲ್ಲಗೆ ಕೇಳಿದಳು. "ಸಿಕ್ಕಿದ್ನಾ ಅಕ್ಕ?"

"ಸಿಕ್ಕಿದರು."

ಏಣಿಯ ಕೆಳಗೆ ನಿಂತೆ. ಮೇಲಿನಿಂದ ಮನೆಯವರು ಬಂತೇ ಎಂದು ಕೇಳಬೇಕು. ಕೇಳುತ್ತಾರೋ ಇಲ್ಲವೋ.

"ಬಂದನೇನೇ?" ಅತ್ತೆಯ ದನಿ.

"ಬಂದರು ಅತ್ತೆ."

"ಹತ್ತಿಸ್ಕೊಂಡು ಬಾ. ಮೆಟ್ಟಿಲು ಹೊಸದು ಅಂತ ಹೇಳು. ಅವನಿಗೆ ಅಭ್ಯಾಸ ಇಲ್ಲ."

ಚಾಪೆಯ ಮೇಲೆ ಬಲೆ ಬಗ್ಗಿಸಿದೆ. ಅಂಗಿ ಬಿತ್ತು. ಅತ್ತೆ ಬಿಳಿ ದಾರ ಹಿಡಿದುಕೊಂಡೇ ಕುಳಿತಿದ್ದರು. ಕೈ ಚಾಚಿ ತಡವಿದರು. ಕೊರಳಪಟ್ಟಿ ಸಿಕ್ಕಿತು. ಭುಜದಿಂದ ಭುಜಕ್ಕೆ ಗೇಣು ಹಾಕಿದರು. ಮತ್ತೆ ಹಾಕಿದರು. ಗುಂಡಿಗಳ ಮೇಲೆ ಬೆರಳಾಡಿಸುತ್ತ ಕೆಳಗೆ ಬಂದರು, ಹೊಟ್ಟೆಯ ಜಾಗದಲ್ಲಿ ಅಂಗೈ ಇಟ್ಟರು. ಚಾಪೆಗೆ ಅಂಟಿದ ಚಪ್ಪಟೆ ಬಟ್ಟೆ. ಕೈ ತೆಗೆಯಲಿಲ್ಲ.

"ಇನ್ನೂ ಸಣ್ಣಗೇ ಇದ್ದಾನಲ್ಲೇ."

ಬಲೆಯನ್ನು ಗೋಡೆಗೆ ಒರಗಿಸಿದೆ.

"ಹೋದಾಗ ಹೇಗಿದ್ನೋ ಹಾಗೇ ಇದ್ದಾನೆ. ಒಂಚೂರೂ ದಪ್ಪ ಆಗಿಲ್ಲ ನನ್ನ ಮಗ."

ದಾರವನ್ನು ಬೆರಳಿಗೆ ಸುತ್ತಿದರು, ಬಿಚ್ಚಿದರು, ಮಡಚಿ ಎಲೆ ಅಡಿಕೆ ಪೆಟ್ಟಿಗೆಯೊಳಗೆ ಇಟ್ಟು ಮುಚ್ಚಿದರು. ಅಳಲಿಲ್ಲ. ಮಗುವಿನ ಬೆನ್ನು ತಟ್ಟುವ ಹಾಗೆ ಅಂಗಿಯನ್ನು ತಟ್ಟುತ್ತ ಕುಳಿತರು.

ಕತ್ತಲಾಗುವ ಮೊದಲು ಕೇಳಿದರು. "ಅಮಾವಾಸ್ಯೆಗೆ ಬಾಳೆ ಎಲೆ ಕೊಯ್ದಾಯ್ತಾ?"

"ಇನ್ನೂ ಇಲ್ಲ."

"ಒಂದು ಜಾಸ್ತಿ ಕೊಯ್ಕೋ."

ಆಗಸ್ಟ್ 21

ಪೊಟ್ಟಣ ಕಟ್ಟಿದೆವು. ಅಂಟಕ್ಕಿ ಅನ್ನ, ಸುಟ್ಟ ಮೀನು, ಬಾಳೆಹಣ್ಣು, ಒಂದು ಎಲೆ ಅಡಿಕೆ, ಒಂದು ಹೊಗೆಸೊಪ್ಪಿನ ಸುರುಳಿ. ಅವರದ್ದನ್ನು ಅತ್ತೆಯೇ ಕಟ್ಟಿದರು. ಮೀನಿನ ಮುಳ್ಳು ತೆಗೆದು ಇಟ್ಟರು.

"ಅವನಿಗೆ ಚಿಕ್ಕಂದಿನಿಂದ ಮುಳ್ಳು ಸಿಕ್ಕಿಹಾಕ್ಕೊಳ್ಳುತ್ತೆ. ನಿನಗೆ ಹೇಳಿರ್ಲಿಲ್ಲ. ಹೇಳಿದ್ರೆ ನಿನ್ನ ಮುಂದೆ ನಾಚ್ಕೊಳ್ಳೋನು."

ಅಂಗಿ ಒಗೆದು ತಂತಿಗೆ ಹಾಕಿದೆ. ಕೆಸರಿನ ಕಲೆ ಇತ್ತು.

ದಾರಿಕಾ ನಾಳೆ ಊರಿಗೆ. ಬೆಳಿಗ್ಗೆ ಬರಲೇ ಎಂದು ಕೇಳಿದಳು. ಬಾ, ಕ್ಯಾಮೆರಾ ಪೆಟ್ಟಿಗೆ ಬಿಟ್ಟು ಬಾ ಎಂದೆ.

ಆಗಸ್ಟ್ 22, ಬೆಳಗಿನ ಜಾವ

ವಿಹಾರದ ಗೋಡೆಯ ಪಕ್ಕ ಅಪ್ಪ ಅಮ್ಮನದ್ದು, ಮಾವನದ್ದು, ತಮ್ಮನದ್ದು ಇಟ್ಟು ಬಂದೆ. ಅವರದ್ದು ಹುಣಸೆಮರದ ಬುಡದಲ್ಲಿ. ದಾರಿಕಾ ಬಂದಿದ್ದಳು, ಬರಿಗೈಲಿ. ಆದರೂ ಅದೇ ಥರ ನೋಡುತ್ತ ನಿಂತಳು.

ಖಾಮ್‌ಸೇನ್, ಊಟ ಮಾಡಿ, ಎಂದೆ. ನಾಲಗೆ ತಡೆಯಲಿಲ್ಲ. ನಾಯಿ ಇವತ್ತು ಮರದ ಕೆಳಗೆ ಇರಲಿಲ್ಲ. ಮನೆಯ ಏಣಿಯ ಬುಡದಲ್ಲಿ ಮಲಗಿದೆ.

ಇನ್ನು ನೀರು ಹೊಯ್ಯುವುದು. ಗಂಟೆ ಬಾರಿಸಿದರು, ಹೊರಡಬೇಕು. ಅತ್ತೆ ತಾವೂ ಬರುತ್ತೇನೆ ಎಂದು ಬಿಳಿ ಬಟ್ಟೆ ಹುಡುಕುತ್ತಿದ್ದಾರೆ. ಅಂಗಿಯನ್ನು ಗುರುಗಳಿಗೆ ಕೊಟ್ಟು, ಯಾರಾದರೂ ಇಲ್ಲದವರಿಗೆ ಕೊಡಿ ಎನ್ನಬೇಕು ಅಂತಿತ್ತು. ಮುಟ್ಟಿ ನೋಡಿದೆ, ಇನ್ನೂ ಒದ್ದೆ. ಇರಲಿ. ಒಣಗಿದ ಮೇಲೆ...